‘ಮತ್ತು ತಂಡದವರಿಂದ’

2026ರ ಜನವರಿಯಲ್ಲಿ ಮುಂಬೈಯ ಮಹಾಲಕ್ಷ್ಮಿ ರೇಸ್‌ಕೋರ್ಸಿನಲ್ಲಿ ಲೊಲ್ಲಾಪಲೂಜಾ ಸಂಗೀತೋತ್ಸವ ಆಯಿತು, ಅಮೆರಿಕದ ರಾಕ್ ಬ್ಯಾಂಡು ಲಿಂಕಿನ್ ಪಾರ್ಕ್ ಹಾಡಿತು. ನಮ್ಮ ಹುಬ್ಬಳ್ಳಿ ವಿದ್ಯಾನಗರದ ಹುಡುಗರೂ ಕರಿ ಟೀ ಶರ್ಟ್ ತೊಟ್ಟು ರೈಲು ಹತ್ತಿ, ಗಂಟಲು ಹರಿದುಕೊಂಡು ಬಂದರು. ಅವರ ಸ್ಟೇಟಸ್ ನೋಡಿ ನಿಮ್ಮ ಕಣ್ಣೂ ಸೋತಿರಬೇಕು, ಬಿಡಿ. ನನ್ನ ತಕರಾರು ಪೋಸ್ಟರಿನದು.

ಎಂಥ ಅವಿವೇಕದ ಪೋಸ್ಟರ್ ರೀ ಅದು! ಹಾಡುವವರ ಹೆಸರು ಎಲ್ಲಕ್ಕಿಂತ ಮೇಲೆ, ಎಲ್ಲಕ್ಕಿಂತ ದಪ್ಪ ಅಕ್ಷರದಲ್ಲಿ. ಕೆಳಗಿಳಿದಂತೆ ಅಕ್ಷರ ಸಣ್ಣದಾಗುತ್ತದೆ, ಆದರೆ ಕಟ್ಟಕಡೆಯ ಸಾಲಿನಲ್ಲಿರುವವರೂ ಹಾಡುವವರೇ. ಉದ್ಘಾಟಕರಿಲ್ಲ, ಅಧ್ಯಕ್ಷತೆಯಿಲ್ಲ, ಘನ ಉಪಸ್ಥಿತಿಯಂತೂ ಇಲ್ಲವೇ ಇಲ್ಲ.

ನಮ್ಮ ಕಡೆಯ ಉತ್ಸವಗಳ ಆಮಂತ್ರಣ ಪತ್ರಿಕೆ ನೋಡಿ ಕಲಿಯಲಿ ಅವರು. ಮೊದಲ ಮಡಿಕೆಯಲ್ಲಿ ಸಚಿವರು. ಎರಡನೆಯದರಲ್ಲಿ ಸಂಸದರು, ಶಾಸಕರು, ಪರಿಷತ್ತಿನವರು. ಮೂರನೆಯದರಲ್ಲಿ ನಿಗಮ, ಮಂಡಳಿ, ಪ್ರಾಧಿಕಾರ. ಭೂತಗನ್ನಡಿ ಹಿಡಿದರೆ ಬೆನ್ನ ಹಿಂದೆ ಕಾಣುತ್ತದೆ: ‘ರಾತ್ರಿ 8ಕ್ಕೆ ಸಾಂಸ್ಕೃತಿಕ ಕಾರ್ಯಕ್ರಮ, ಇಂಥವರು ಮತ್ತು ತಂಡದವರಿಂದ’. ಗಾಯಕರ ಹೆಸರು ಬಿಟ್ಟುಹೋದರೆ ಮುದ್ರಣದೋಷ. ಶಾಸಕರದ್ದು ಬಿಟ್ಟುಹೋದರೆ ಹಕ್ಕುಚ್ಯುತಿ.

ಇದೇ ಬ್ಯಾಂಡು ಹುಬ್ಬಳ್ಳಿಯ ನೆಹರೂ ಮೈದಾನಕ್ಕೆ ಬಂತೆನ್ನಿ. ನಾಡಗೀತೆ, ರೈತಗೀತೆ, ಸ್ವಾಗತ, ಪ್ರಾಸ್ತಾವಿಕ. ಒಂದು ಮೇಣದಬತ್ತಿಗೆ ಹದಿನಾರು ಕೈ ಹಚ್ಚಿ ದೀಪ ಬೆಳಗುವುದು, ಅದು ಫ್ಯಾನಿನ ಗಾಳಿಗೆ ಆರುವುದು. ಬ್ಯಾಂಡಿನ ಗಾಯಕರಾದ ಮೈಕ್ ಶಿನೋಡಾಗೂ ಎಮಿಲಿ ಆರ್ಮ್‌ಸ್ಟ್ರಾಂಗ್‌ಗೂ ಪೇಟ, ಶಾಲು, ಒಂದು ಡಬ್ಬಿ ಧಾರವಾಡ ಪೇಡೆ. ಮೊದಲಿನ ಮುಖ್ಯ ಗಾಯಕ ಚೆಸ್ಟರ್ ಬೆನ್ನಿಂಗ್ಟನ್ 2017ರಲ್ಲಿ ತೀರಿಕೊಂಡ ಮೇಲೆ, ಅದೇ ವರ್ಷ ಅವರ ನೆನಪಿಗೆ ನಡೆಸಿದ ಒಂದು ಕಾರ್ಯಕ್ರಮ ಬಿಟ್ಟರೆ, ಈ ಬ್ಯಾಂಡು 2024ರ ತನಕ ವೇದಿಕೆ ಹತ್ತಲಿಲ್ಲವಂತೆ. ಏಳು ವರ್ಷ! ನಮ್ಮ ವೇದಿಕೆಯ ಮೇಲಿನವರು ಏಳು ನಿಮಿಷ ಮೈಕ್ ಬಿಟ್ಟಿದ್ದನ್ನು ಕಂಡವರಿದ್ದರೆ ಕೈ ಎತ್ತಿ. ಭಾಷಣಗಳು ಮುಗಿಯುವಷ್ಟರಲ್ಲಿ ಒಂಬತ್ತೂವರೆ. ಹತ್ತಕ್ಕೆ ಧ್ವನಿವರ್ಧಕ ಬಂದ್, 2000ನೇ ಇಸವಿಯ ಶಬ್ದಮಾಲಿನ್ಯ ನಿಯಮ. ‘ಎರಡ ಹಾಡು ಹಾಡಿ ಮುಗಸ್ರಿ ಸರ್, ಸಾಹೇಬ್ರು ಎದ್ದ್ ಹೊಂಟಾರ.’ ಗಣಪತಿ ವಿಸರ್ಜನೆಯ ಡಿಜೆಗೆ ಮಾತ್ರ ಈ ನಿಯಮವನ್ನು ಯಾರೂ ಓದಿ ಹೇಳಿದಂತಿಲ್ಲ.

ಹಾಗೆ ನೋಡಿದರೆ ಸಂಗೀತಕ್ಕಾಗಿ ಊರು ಬಿಡುವುದು ನಮಗೇನು ಹೊಸದಲ್ಲ. ಭೀಮಸೇನ ಜೋಶಿ ಹುಡುಗನಾಗಿದ್ದಾಗಲೇ ಗದಗದ ಮನೆ ಬಿಟ್ಟು, ಟಿಕೆಟ್ಟಿಲ್ಲದೆ ರೈಲು ಹತ್ತಿದವರು. ಗುರು ಹುಡುಕುತ್ತ ಗ್ವಾಲಿಯರ್ ತನಕ ಅಲೆದವರಿಗೆ ಕಡೆಗೆ ಗುರು ಸವಾಯಿ ಗಂಧರ್ವರು ಸಿಕ್ಕಿದ್ದು ಹುಬ್ಬಳ್ಳಿ ಮಗ್ಗುಲಿನ ಕುಂದಗೋಳದಲ್ಲಿ. ಅದೇ ಸವಾಯಿ ಗಂಧರ್ವರ ಹೆಸರಿನ ದೊಡ್ಡ ಉತ್ಸವ 1953ರಿಂದ ನಡೆಯುತ್ತಿರುವುದು ಪುಣೆಯಲ್ಲಿ. ಕುಂದಗೋಳದ ನಾಡಗೀರ ವಾಡೆಯಲ್ಲಿ ಅಹೋರಾತ್ರಿ ಹಾಡಿಕೆ ಕೇಳಿದ ಹಿರಿಯರು ಅದನ್ನು ಇನ್ನೂ ನೆನೆಯುತ್ತಾರೆ. ನೆಲದ ಮೇಲೆ ಜಮಖಾನೆ, ಎದುರಿಗೆ ತಂಬೂರಿ. ಅಲ್ಲಿ ವಂದನಾರ್ಪಣೆ ಯಾರು ಮಾಡಿದರೆಂದು ಒಬ್ಬರಿಗೂ ನೆನಪಿಲ್ಲ.

ಇಷ್ಟು ಹೊತ್ತು ತಮಾಷೆ ಮಾಡಿದೆ. ಆದರೆ ಹಾವೇರಿ ಕಡೆಯ ಡೊಳ್ಳಿನ ಹುಡುಗರನ್ನು ನೋಡಿದಾಗ ನಗು ಬರುವುದಿಲ್ಲ. ಮಧ್ಯಾಹ್ನ ಮೂರಕ್ಕೆ ಕರೆಸುತ್ತಾರೆ, ಸಾಹೇಬರ ಕಾರು ಬರುವ ತನಕ ಬಿಸಿಲಲ್ಲಿ ನಿಲ್ಲಿಸುತ್ತಾರೆ. ಕಾರಿನ ಮುಂದೆ ಕುಣಿಸುತ್ತಾರೆ, ಅದೇ ಅವರ ‘ಪ್ರದರ್ಶನ’. ವೇದಿಕೆಯ ಸರದಿ ಬರುವಾಗ ಕುರ್ಚಿಗಳು ಖಾಲಿ, ಶಾಮಿಯಾನದವನು ಹಗ್ಗ ಬಿಚ್ಚುತ್ತಿರುತ್ತಾನೆ. ಊಟದ ಕೂಪನ್ ಕೇಳಿದರೆ ಗದರುತ್ತಾರೆ. ಸಂಭಾವನೆಗೆ ಆಧಾರ್, ಪಾಸ್‌ಬುಕ್ಕಿನ ಜೆರಾಕ್ಸ್ ಕೊಟ್ಟು ತಿಂಗಳುಗಟ್ಟಲೆ ಕಾಯಬೇಕು. ನಾಚಿಕೆಯಾಗಬೇಕು ನಮಗೆ. ಸ್ಮರಣಿಕೆ ಅಂಗಡಿಯವನ ಬಿಲ್ಲು ಮಾತ್ರ ಆ ವಾರವೇ ಪಾಸಾಗುತ್ತದೆ, ಯಾಕೆಂದರೆ ಮುಂದಿನ ಉತ್ಸವಕ್ಕೂ ಗಣ್ಯರಿದ್ದಾರೆ.