ಸತ್ಯಾಂಶ: ‘ಭೂತದ ಲೋಳೆ’ ವಿಷವೇ?

‘ಭೂತವಿರುವ ಮನೆಯ ಗೋಡೆಯಲ್ಲಿ ಎಕ್ಟೋಪ್ಲಾಸಂ ಎಂಬ ಬಿಳಿ ಲೋಳೆ ಉಳಿಯುತ್ತದೆ, ಮುಟ್ಟಿದರೆ ಚರ್ಮ ಸುಡುತ್ತದೆ, ಕೇಂಬ್ರಿಜ್‌ನಲ್ಲಿ ಅದರ ಮಾದರಿಯಿದೆ’ ಎನ್ನುವ ಸಂದೇಶ ಓಡಾಡುತ್ತಿದೆ.

ಮಾದರಿಯೇನೋ ಇದೆ, ಕೇಂಬ್ರಿಜ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ. ಆದರೆ ಅದು ಬಟ್ಟೆ! ಸತ್ತವರನ್ನು ಕರೆಸುತ್ತೇನೆ ಎನ್ನುತ್ತಿದ್ದ ಸ್ಕಾಟ್ಲೆಂಡಿನ ಹೆಲೆನ್ ಡಂಕನ್‌ಗೆ ಸೇರಿದ್ದು. 1931ರಲ್ಲಿ ಆಕೆಯನ್ನು ಪರೀಕ್ಷಿಸಿದ, ಭೂತ-ಪ್ರೇತಗಳ ಕುರಿತ ದಾವೆಗಳನ್ನು ಶೋಧಿಸುತ್ತಿದ್ದ ಬ್ರಿಟನ್ನಿನ ಹ್ಯಾರಿ ಪ್ರೈಸ್, ಆಕೆ ತೆಳುಬಟ್ಟೆಯನ್ನು ನುಂಗಿ ಮತ್ತೆ ಕಕ್ಕಿ, ಅದನ್ನೇ ಎಕ್ಟೋಪ್ಲಾಸಂ ಎಂದು ತೋರಿಸುತ್ತಾಳೆ ಎಂದು ತೀರ್ಮಾನಿಸಿದರು.

‘ಮುಟ್ಟಬೇಡಿ, ದೀಪ ಹಚ್ಚಬೇಡಿ, ಅಪಾಯ’ ಎಂಬ ಎಚ್ಚರಿಕೆ ಹುಟ್ಟಿದ್ದು ಸತ್ತವರನ್ನು ಕರೆಸುವ ಇಂಥ ಆಟ ನಡೆಯುತ್ತಿದ್ದ ಕತ್ತಲ ಕೋಣೆಗಳಲ್ಲೇ. ಮುಟ್ಟಿದರೆ ಬಟ್ಟೆ ಕೈಗೆ ಸಿಗುತ್ತಿತ್ತಲ್ಲ! ದುಃಖದಲ್ಲಿದ್ದವರಿಗೆ ಮಾಡಿದ ಈ ಮೋಸ ನನಗೆ ಇಂದಿಗೂ ಸಿಟ್ಟು ತರಿಸುತ್ತದೆ.

ನಿಮ್ಮ ಗೋಡೆಯಲ್ಲಿ ಬಿಳಿ ಪದರ ಕಂಡರೆ ಅದು ಹೆಚ್ಚಾಗಿ ತೇವದಿಂದ ಎದ್ದ ಉಪ್ಪು ಅಥವಾ ಬೂಷ್ಟು. ಬೂಷ್ಟು ಆಸ್ತಮಾ ಇರುವವರಿಗೆ ತೊಂದರೆ ಕೊಡುತ್ತದೆ. ನೀರು ಸೋರುವ ಜಾಗ ಹುಡುಕಿ ಸರಿಪಡಿಸಿ.