12 ವರ್ಷ ಬೇಲಿ ಇದ್ದರೆ ಜಾಗ ಪಕ್ಕದವರದ್ದೇ? ಒಂದು ಸ್ಪಷ್ಟನೆ

ಪಕ್ಕದವರು ನಿಮ್ಮ ತೋಟದೊಳಗೆ ಬೇಲಿ ಹಾಕಿ 12 ವರ್ಷವಾದರೆ ಜಾಗ ತಾನಾಗಿ ಅವರದ್ದು, ಕೋರ್ಟಿಗೆ ಹೋಗಿ ಪ್ರಯೋಜನವಿಲ್ಲ ಎಂಬ ವಾಟ್ಸಾಪ್ ಸಂದೇಶ ಶಿರಸಿ ಕಡೆ ಓಡಾಡುತ್ತಿದೆ. ಇದು ಅರ್ಧ ಸತ್ಯ.

1963ರ ಕಾಲಮಿತಿ ಕಾಯ್ದೆಯಲ್ಲಿ, ಜಾಗ ಬಿಡಿಸಿಕೊಳ್ಳಲು ದಾವೆ ಹೂಡುವುದಕ್ಕೆ 12 ವರ್ಷದ ಗಡುವು ಇರುವುದು ನಿಜ. ಆದರೆ ಬರೀ ಬೇಲಿ ಸಾಲದು. ಮಾಲೀಕರ ಹಕ್ಕಿಗೆ ವಿರುದ್ಧವಾಗಿ, ಎಲ್ಲರಿಗೂ ಕಾಣುವಂತೆ, ನಡುವೆ ಬಿಡದೆ ಅನುಭವಿಸಿದ್ದೇವೆ ಎಂದು ಪಕ್ಕದವರೇ ಸಾಬೀತು ಮಾಡಬೇಕು. 'ಇರಲಿ ಮಾರಾಯ, ಅಡಿಕೆ ಒಣಗಿಸಿಕೋ' ಎಂದು ನೀವೇ ಬಿಟ್ಟುಕೊಟ್ಟ ಜಾಗಕ್ಕೆ ಈ ವಾದ ನಿಲ್ಲುವುದಿಲ್ಲ. ತೋಟಕ್ಕೆ ಸೊಪ್ಪು ತರುವ ಕಾಡು ಜಾಗ, ಅಂದರೆ ಸೊಪ್ಪಿನ ಬೆಟ್ಟದ ಕತೆಯೇ ಬೇರೆ. ಅದು ಸರ್ಕಾರದ ಜಾಗ, ಸರ್ಕಾರಕ್ಕೆ ದಾವೆ ಹೂಡಲು 30 ವರ್ಷ ಅವಕಾಶವಿದೆ.

ಹಾಗಂತ ಸುಮ್ನೆ ಕೂರಬೇಡಿ. ಗಡಿಕಲ್ಲು ಕಾಣದಿದ್ದರೆ ಮೊದಲು ಹದ್ದುಬಸ್ತಿಗೆ (ಸರ್ವೆಯವರು ಅಳೆದು ಗಡಿ ಗುರುತಿಸುವುದಕ್ಕೆ) ಅರ್ಜಿ ಕೊಡಿ. ತಕರಾರು ಮುಗಿಯದಿದ್ದರೆ ಸಿವಿಲ್ ಕೋರ್ಟ್ ಇದೆ. ಜಾಗ ಅಳೆದು ವರದಿ ಕೊಡಲು ಕೋರ್ಟ್ ಕಮಿಷನರ್ ನೇಮಿಸಿ ಎಂದು ಅಲ್ಲಿ ಕೇಳಬಹುದು.