ಆಸಿಯಾನ್ ಸುಂಕ ರಿಯಾಯಿತಿ: ಒಂದು ಸ್ಪಷ್ಟನೆ

ಭಾರತ ಆರ್‌ಸಿಇಪಿ (ಪ್ರಾದೇಶಿಕ ಸಮಗ್ರ ಆರ್ಥಿಕ ಪಾಲುದಾರಿಕೆ) ಎಂಬ ಬಹುರಾಷ್ಟ್ರ ವ್ಯಾಪಾರ ಒಪ್ಪಂದದಿಂದ ಹೊರಬಂದಿರುವುದರಿಂದ ವಿಯೆಟ್ನಾಮಿನ ಕಾಳುಮೆಣಸಿಗೆ ಸುಂಕ ರಿಯಾಯಿತಿ ನಿಂತುಹೋಗಿದೆ ಎಂಬ ಸಂದೇಶವೊಂದು ನವಿ ಮುಂಬಯಿಯ ವಾಶಿ ಮಸಾಲೆ ಮಾರುಕಟ್ಟೆಯ ಕನ್ನಡಿಗ ವರ್ತಕರಲ್ಲಿ ಹರಿದಾಡುತ್ತಿದೆ. ಇದು ಸರಿಯಲ್ಲ. 2019ರ ನವೆಂಬರ್ 4ರಂದು ಬ್ಯಾಂಕಾಕಿನಲ್ಲಿ ಭಾರತ ಕೈಬಿಟ್ಟದ್ದು, ವಿಯೆಟ್ನಾಂ ಸೇರಿದಂತೆ ಆಗ್ನೇಯ ಏಷ್ಯಾದ ಒಕ್ಕೂಟವಾದ ಆಸಿಯಾನ್‌ನ ದೇಶಗಳ ಜೊತೆಗೆ ಚೀನಾ, ಜಪಾನ್, ದಕ್ಷಿಣ ಕೊರಿಯಾ, ಆಸ್ಟ್ರೇಲಿಯಾ ಮತ್ತು ನ್ಯೂಜಿಲೆಂಡ್‌ಗಳೂ ಸೇರಿದ, ಮುಂದೆ 2022ರಲ್ಲಿ ನಮ್ಮನ್ನು ಬಿಟ್ಟೇ ಜಾರಿಗೆ ಬಂದ ಒಪ್ಪಂದವನ್ನು. 2010ರಲ್ಲಿ ಜಾರಿಗೆ ಬಂದ ಭಾರತ–ಆಸಿಯಾನ್ ಸರಕು ಒಪ್ಪಂದ ಬೇರೆಯೇ ಆಗಿದ್ದು, ಅದು ರದ್ದಾಗಿಲ್ಲ. ಅದರಡಿ ಕಾಳುಮೆಣಸಿನ ಸುಂಕ ಹಂತಹಂತವಾಗಿ ಶೇ 70ರಿಂದ ಶೇ 50ಕ್ಕೆ ಇಳಿದಿದೆ. ಕೊಡಗು, ಸಕಲೇಶಪುರದ ಬೆಳೆಗಾರರು ಈ ಸಂದೇಶವನ್ನು ನಂಬಿ, ಆಮದು ತಗ್ಗಿ ಬೆಲೆ ಏರುತ್ತದೆಂದು ದಾಸ್ತಾನು ಹಿಡಿದಿಟ್ಟು ನಷ್ಟಕ್ಕೊಳಗಾಗಬಾರದೆಂಬ ಕಳಕಳಿಯಿಂದಲೇ ಇದನ್ನು ಬರೆಯುತ್ತಿದ್ದೇನೆ. ಅಗ್ಗದ ಆಮದನ್ನು ತಡೆಯಲು 2017ರ ಡಿಸೆಂಬರ್‌ನಲ್ಲಿ ಕೇಂದ್ರ ಸರ್ಕಾರ ನಿಗದಿಪಡಿಸಿದ, ಕಿಲೋಗೆ 500 ರೂಪಾಯಿಯ ಕನಿಷ್ಠ ಆಮದು ಬೆಲೆಗೂ ಆರ್‌ಸಿಇಪಿಗೂ ಯಾವ ಸಂಬಂಧವೂ ಇಲ್ಲ.